ವರುಣ ‘ತಪ್ಪು’ ಎನ್ನಲಿಲ್ಲ, ಆ್ಯಪ್ ಅಂದಿತು

ಅಧ್ಯಾತ್ಮ ಮತ್ತು ಶಿಕ್ಷಣ ಕುರಿತ ಒಂದು ಆನ್‌ಲೈನ್ ಕೋರ್ಸಿನ ನಾಲ್ಕನೆಯ ವಾರದ ಕಿರುಪರೀಕ್ಷೆಯಲ್ಲಿ ನನಗೆ ಹತ್ತಕ್ಕೆ ಒಂಬತ್ತು ಅಂಕ ಬಂದವು. ಹೋದ ಒಂದು ಅಂಕ ಯಾವ ಪ್ರಶ್ನೆಯದೆಂದು ಹುಡುಕಬೇಕಾಗಿರಲಿಲ್ಲ, ಆ ತಪ್ಪನ್ನು ಬೇಕೆಂದೇ ಮಾಡಿದ್ದೆ. ‘ಭೃಗು ಅರಿತ ಬ್ರಹ್ಮ ಯಾವುದು?’ ಎಂಬ ಪ್ರಶ್ನೆಗೆ ಅನ್ನ, ಪ್ರಾಣ, ಮನಸ್ಸು, ಆನಂದ ಎಂದು ನಾಲ್ಕು ಆಯ್ಕೆಗಳಿದ್ದವು. ನಾನು ಅನ್ನವನ್ನು ಒತ್ತಿದೆ. ಪರದೆಯ ಮೇಲೆ ಕೆಂಪು ಗುಣಾಕಾರ ಚಿಹ್ನೆ ಮೂಡಿತು, ಕೆಳಗೆ ‘ತಪ್ಪು ಉತ್ತರ’ ಎಂಬ ಬರಹ, ಜೊತೆಗೆ ಕುಂಯ್ ಎಂದು ಒಂದು ಸದ್ದು. ಅದೇ ವಾರ ಅದೇ ಕೋರ್ಸಿನ ಉಪನ್ಯಾಸಕಿ ಮುಕ್ಕಾಲು ಗಂಟೆ ಕುಳಿತು, ತೈತ್ತಿರೀಯ ಉಪನಿಷತ್ತಿನ ಕಥೆಯಲ್ಲಿ ವರುಣ ತನ್ನ ಮಗ ಭೃಗುವಿಗೆ ಒಮ್ಮೆಯೂ ‘ತಪ್ಪು’ ಎನ್ನಲಿಲ್ಲ ಎಂಬುದನ್ನು ಬಿಡಿಸಿ ಹೇಳಿದ್ದರು.

ನನ್ನ ತಕರಾರಿನ ಬಹುಪಾಲು ಆ ಕುಂಯ್ ಸದ್ದಿನಲ್ಲೇ ಇದೆ. ಆದರೂ 12 ವಾರ ಬಿಡದೆ ಕೇಳಿದ್ದೇನೆ, ಸೇರಲೋ ಬೇಡವೋ ಎಂದು ನಮ್ಮ ಸ್ಟಾಫ್ ರೂಮಿನಲ್ಲೇ ಮೂವರು ವಿಚಾರಿಸಿದ್ದಾರೆ. ಹಾಗಾಗಿ ಸ್ವಲ್ಪ ವಿವರವಾಗಿಯೇ ಬರೆಯುತ್ತೇನೆ.

ನಾನು 22 ವರ್ಷಗಳಿಂದ ಪ್ರೌಢಶಾಲೆಯಲ್ಲಿ ಗಣಿತ ಕಲಿಸುತ್ತಿದ್ದೇನೆ. ಅಧ್ಯಾತ್ಮಕ್ಕೂ ನನಗೂ ಇದ್ದದ್ದು ದೂರದ ನೆಂಟಸ್ತಿಕೆ: ಎದುರಾದರೆ ಕೈಮುಗಿಯುವುದು, ಮನೆಗೆ ಮಾತ್ರ ಕರೆಯದಿರುವುದು. 2022ರ ಬುನಾದಿ ಹಂತದ ರಾಷ್ಟ್ರೀಯ ಪಠ್ಯಕ್ರಮ ಚೌಕಟ್ಟಿನಲ್ಲಿ ಪಂಚಕೋಶ ವಿಕಾಸದ, ಅಂದರೆ ಅನ್ನಮಯ, ಪ್ರಾಣಮಯ, ಮನೋಮಯ, ವಿಜ್ಞಾನಮಯ, ಆನಂದಮಯ ಎಂಬ ಐದು ಪದರಗಳಲ್ಲಿ ಮಗು ಬೆಳೆಯುವುದರ ಮಾತು ಬಂದ ಮೇಲೆ ನಾನು ಹೋದ ತರಬೇತಿಗಳಲ್ಲೂ ಆ ಪದ ಕಿವಿಗೆ ಬೀಳತೊಡಗಿತು. ಹೇಳುವವರ ಕೈಯಲ್ಲಿ ಒಂದರೊಳಗೊಂದು ಐದು ಬಣ್ಣದ ವೃತ್ತಗಳ ಚಿತ್ರ ಇರುತ್ತಿತ್ತು. ಚಿತ್ರದಾಚೆಗೆ ಏನಾದರೂ ಕೇಳಿದರೆ ಊಟದ ಬಿಡುವು ಬಂದುಬಿಡುತ್ತಿತ್ತು. ಮೂಲದಲ್ಲಿ ಏನಿದೆ ನೋಡಿಯೇ ಬಿಡೋಣ ಎಂಬ ಹಟದಿಂದ, ಅಧ್ಯಾತ್ಮ ದರ್ಶನಗಳು ಮತ್ತು ಶಿಕ್ಷಣ ಎಂಬ ವಿಷಯದ ಈ ಆನ್‌ಲೈನ್ ಕೋರ್ಸಿಗೆ ಸೇರಿದೆ. ದೂರುವುದೂ ಇರುವುದರಿಂದ ನಡೆಸುವವರ ಹೆಸರು ಹೇಳುವುದಿಲ್ಲ.

ಕೊಡುವುದು ಇಷ್ಟು: ವಾರಕ್ಕೆ ಮೂರರಂತೆ 36 ಧ್ವನಿಮುದ್ರಿತ ಉಪನ್ಯಾಸಗಳು, ಭಾನುವಾರ ಒಂದು ಗಂಟೆಯ ನೇರ ಮಾತುಕತೆ, ಅಂಚೆಯಲ್ಲಿ ಬರುವ 140 ಪುಟಗಳ ವರ್ಕ್‌ಬುಕ್, ವಾರಾಂತ್ಯಕ್ಕೊಂದು ಕಿರುಪರೀಕ್ಷೆ, ಕಡೆಯಲ್ಲಿ ಪ್ರಮಾಣಪತ್ರ. ಪಾಠ ಮಾಡುವವರು ಮೂವರು. ಉಪನಿಷತ್ತುಗಳ ಭಾಗ ಒಬ್ಬ ಹಿರಿಯ ಮಹಿಳೆಯದು. ಆಧುನಿಕ ಶಿಕ್ಷಣ ಚಿಂತಕರ ಭಾಗ ಒಬ್ಬ ಮಧ್ಯವಯಸ್ಕರದು. ‘ಅನ್ವಯ’ ಎಂಬ ಮೂರನೆಯ ಭಾಗ, ಮಾತಿಗೊಮ್ಮೆ ‘ಈಗ ಮುಂದಿನ ಸ್ಲೈಡ್’ ಎನ್ನುವ ಉತ್ಸಾಹಿ ತರುಣನದು.

ಮೊದಲು ಹಿರಿಯರ ವಿಷಯ. ಹಿನ್ನೆಲೆಯಲ್ಲಿ ಕೊಳಲಿಲ್ಲ, ತಂಬೂರಿಯಿಲ್ಲ. ಪುಟ ಮಗುಚುವುದು ಕೇಳಿಸುತ್ತದೆ, ನೀರು ಕುಡಿಯುವುದು ಕೇಳಿಸುತ್ತದೆ, ಎಂಟನೆಯ ಉಪನ್ಯಾಸದಲ್ಲಿ ಕನ್ನಡಕ ಹುಡುಕಿದ್ದೂ ಹಾಗೆಯೇ ಉಳಿದಿದೆ. ಯಾವುದನ್ನೂ ಕತ್ತರಿಸದೆ ಬಿಟ್ಟವರಿಗೆ ನನ್ನ ವಂದನೆ. ಅವರು ಆರಂಭಿಸಿದ್ದು ಛಾಂದೋಗ್ಯ ಉಪನಿಷತ್ತಿನ ನಾರದನಿಂದ. ಕಲಿಯಲು ಬಂದ ನಾರದನನ್ನು ಸನತ್ಕುಮಾರರು ‘ನಿನಗೆ ಏನೇನು ಗೊತ್ತಿದೆ, ಮೊದಲು ಅದನ್ನು ಹೇಳು’ ಎಂದು ಕೇಳುತ್ತಾರಂತೆ. ನಾರದ ವೇದಗಳಿಂದ ಹಿಡಿದು ಇತಿಹಾಸ ಪುರಾಣ, ವ್ಯಾಕರಣ, ಲೆಕ್ಕ, ನಕ್ಷತ್ರವಿದ್ಯೆಯವರೆಗೆ ಉದ್ದನೆಯ ಪಟ್ಟಿ ಒಪ್ಪಿಸುತ್ತಾನೆ. ಉಪನ್ಯಾಸಕಿ ಅದನ್ನು ಒಂದೇ ಉಸಿರಿನಲ್ಲಿ ಓದಿ, ‘ಕೆಲಸಕ್ಕೆ ಅರ್ಜಿ ಹಾಕಿದಂತಿದೆ, ಅಲ್ಲವೇ?’ ಎಂದರು. ಪಟ್ಟಿಯ ಕೊನೆಗೆ ನಾರದನೇ ಹೇಳುತ್ತಾನೆ: ನಾನು ಮಂತ್ರ ಬಲ್ಲವನು, ಆತ್ಮ ಬಲ್ಲವನಲ್ಲ, ನನಗೆ ದುಃಖವಿದೆ. ಇಷ್ಟು ಹೇಳಿ ಅವರು ಉಪನ್ಯಾಸ ಮುಗಿಸಿಬಿಟ್ಟರು. ಆತ್ಮ ಎಂದರೇನೆಂದು ಹೇಳುತ್ತಾರೆಂದು ಕಾದ ನನಗೆ ಸಿಟ್ಟೇ ಬಂತು. ಮುಂದಿನ ಉಪನ್ಯಾಸಕ್ಕೆ ಎರಡು ದಿನ ಕಾಯಬೇಕಿತ್ತು. ಆ್ಯಪ್ ಮುಂಚಿತವಾಗಿ ತೆರೆದುಕೊಳ್ಳುವುದಿಲ್ಲ.

7ರಿಂದ 11ರವರೆಗಿನ ಐದು ಉಪನ್ಯಾಸಗಳು ತೈತ್ತಿರೀಯ ಉಪನಿಷತ್ತಿನ ಮೇಲಿವೆ. ಇಡೀ ಕೋರ್ಸಿನ ಜೀವ ಇರುವುದು ಇಲ್ಲಿ. ಅದರ ಮೊದಲ ಭಾಗವಾದ ಶೀಕ್ಷಾವಲ್ಲಿಯಲ್ಲಿ ಆಚಾರ್ಯ ಪೂರ್ವರೂಪ, ಶಿಷ್ಯ ಉತ್ತರರೂಪ, ವಿದ್ಯೆ ಸಂಧಿ, ಪ್ರವಚನ ಸಂಧಾನ ಎಂಬ ಮಾತು ಬರುತ್ತದೆ. ಕಲಿಕೆಯನ್ನು ವ್ಯಾಕರಣದ ಸಂಧಿಕಾರ್ಯದ ಮೂಲಕ ಹೇಳಿದ್ದಾರೆ ಎಂಬುದು ನನಗೆ ಗೊತ್ತೇ ಇರಲಿಲ್ಲ. ಎರಡು ಅಕ್ಷರ ಎದುರುಬದುರಾದಾಗ ನಡುವೆ ಹುಟ್ಟುವ ಮೂರನೆಯದು ವಿದ್ಯೆ, ಅದು ಒಬ್ಬರ ಜೇಬಿನಿಂದ ಇನ್ನೊಬ್ಬರ ಜೇಬಿಗೆ ಹೋಗುವ ನಾಣ್ಯವಲ್ಲ. ಕನ್ನಡ ಮೇಷ್ಟರಿಗೆ ಇದನ್ನು ಹೇಳಿದಾಗ ಅವರು ನಕ್ಕು, ‘ನಮ್ಮ ತರಗತಿಗಳಲ್ಲಿ ನಡೆಯುವುದು ಲೋಪಸಂಧಿ. ಆದರೆ ವ್ಯಾಕರಣದ ಲೋಪಸಂಧಿಯಲ್ಲಿ ಬಿದ್ದುಹೋಗುವುದು ಪೂರ್ವಪದದ ಸ್ವರ, ನಮ್ಮಲ್ಲಿ ಉತ್ತರಪದದ್ದು’ ಎಂದರು. ಅಂದರೆ ಮಕ್ಕಳ ದನಿ. ಆ ಮಾತು ಕೋರ್ಸಿನದಲ್ಲ, ಆದರೆ ಕೋರ್ಸು ಇಲ್ಲದಿದ್ದರೆ ನಮ್ಮಿಬ್ಬರ ನಡುವೆ ಹುಟ್ಟುತ್ತಿರಲಿಲ್ಲ.

ಓದು ಮುಗಿಸಿ ಹೊರಡುವ ಶಿಷ್ಯನಿಗೆ ಆಚಾರ್ಯ ಹೇಳುವ ಮಾತುಗಳಲ್ಲಿ ‘ಸತ್ಯವನ್ನು ಹೇಳು, ಧರ್ಮದಂತೆ ನಡೆ’ ಎಂಬಷ್ಟು ಗೋಡೆ ಬರಹಗಳಿಂದ ಎಲ್ಲರಿಗೂ ಗೊತ್ತು. ಅದರ ಕೆಳಗೇ ಇನ್ನೊಂದು ಸಾಲಿದೆ: ನಮ್ಮಲ್ಲಿ ಒಳ್ಳೆಯ ನಡತೆ ಯಾವುದಿದೆಯೋ ಅದನ್ನಷ್ಟೇ ಅನುಸರಿಸು, ಉಳಿದದ್ದನ್ನಲ್ಲ. ಗುರುವೇ ತನ್ನ ‘ಉಳಿದದ್ದು’ ಇದೆ ಎಂದು ಒಪ್ಪಿಕೊಳ್ಳುವ ಸಾಲು ಇದು. ಯಾವ ಶಾಲೆಯ ಗೋಡೆಯ ಮೇಲೂ ನಾನು ಇದನ್ನು ನೋಡಿಲ್ಲ.

ಪಂಚಕೋಶದ ಬಗೆಗೂ ಅವರು ನನ್ನ ತಲೆಯಲ್ಲಿದ್ದ ಐದು ವೃತ್ತಗಳನ್ನು ಅಳಿಸಿಹಾಕಿದರು. ತೈತ್ತಿರೀಯದ ಎರಡನೆಯ ಭಾಗವಾದ ಆನಂದವಲ್ಲಿಯಲ್ಲಿ ಈ ಐದನ್ನು ವಿವರಿಸುವ ಜಾಗದಲ್ಲಿ ಕೋಶ ಎಂಬ ಪದವೇ ಇಲ್ಲ, ಅದು ನಂತರದ ವೇದಾಂತದ ರೂಢಿ. ಮೂಲ ಪಠ್ಯ ಒಂದೊಂದನ್ನೂ ಆತ್ಮ ಎಂದೇ ಕರೆಯುತ್ತದೆ: ಅನ್ನರಸಮಯವಾದ ಆತ್ಮ, ಅದಕ್ಕಿಂತ ಒಳಗೆ ಪ್ರಾಣಮಯವಾದ ಇನ್ನೊಂದು ಆತ್ಮ, ಹೀಗೆ. ಪ್ರತಿಯೊಂದಕ್ಕೂ ತಲೆ, ಎರಡು ರೆಕ್ಕೆ, ನಡುಮೈ, ಬಾಲ ಇರುವ ಹಕ್ಕಿಯ ರೂಪ. ವಿಜ್ಞಾನಮಯದ ಹಕ್ಕಿಗೆ ಶ್ರದ್ಧೆಯೇ ತಲೆ, ಋತ ಬಲರೆಕ್ಕೆ, ಸತ್ಯ ಎಡರೆಕ್ಕೆ, ಯೋಗ ನಡುಮೈ, ಮಹಸ್ಸು ಬಾಲ. ಕೋಶ ಎಂದಾಕ್ಷಣ ನಮಗೆ ಸಿಪ್ಪೆ ನೆನಪಾಗುತ್ತದೆ, ಸುಲಿದು ಎಸೆದರೆ ಒಳಗೆ ಹಣ್ಣು. ದೇಹವೂ ಆತ್ಮವೇ ಎಂದು ಹೊರಟರೆ ಆಟದ ಪೀರಿಯಡ್ ಕಿತ್ತುಕೊಂಡು ಗಣಿತ ಮಾಡುವವಳ ಮುಖಕ್ಕೆ ಅದು ಹೇಗೆ ಹೊಡೆಯುತ್ತದೆ ನೋಡಿ. ನಾನು ವರ್ಷಕ್ಕೆ ಕನಿಷ್ಠ ಹತ್ತು ಆಟದ ಪೀರಿಯಡ್ ಕಿತ್ತುಕೊಂಡವಳು.

ಇದರ ಜೊತೆಗೇ ಶ್ವೇತಕೇತುವಿನ ಉಪವಾಸವನ್ನೂ ಹೇಳಿದರು. 12ನೆಯ ವಯಸ್ಸಿಗೆ ಹೋಗಿ 24ಕ್ಕೆ ಎಲ್ಲ ವೇದ ಕಲಿತು ಬೀಗುತ್ತ ಬಂದ ಮಗನಿಗೆ ತಂದೆ ಉದ್ದಾಲಕ 15 ದಿನ ಏನೂ ತಿನ್ನಬೇಡ, ನೀರು ಮಾತ್ರ ಕುಡಿ ಎನ್ನುತ್ತಾನೆ. ಹದಿನಾರನೆಯ ದಿನ ಋಕ್ಕು ಹೇಳು ಎಂದರೆ ಒಂದೂ ನೆನಪಾಗುವುದಿಲ್ಲ. ಮಿಂಚುಹುಳದಷ್ಟು ಕೆಂಡ ಉಳಿದ ಬೆಂಕಿ ಏನನ್ನು ತಾನೇ ಸುಡಬಲ್ಲದು ಎಂಬುದು ತಂದೆಯ ಹೋಲಿಕೆ. ಉಂಡು ಬಂದ ಮೇಲೆ ಎಲ್ಲವೂ ನೆನಪಿಗೆ ಬರುತ್ತದೆ. ಬೆಳಗಿನ ಮೊದಲ ಪೀರಿಯಡ್ಡಿನಲ್ಲಿ ಬರಿಹೊಟ್ಟೆಯಲ್ಲಿ ಕುಳಿತ ಮಗುವಿಗೆ ಏಕಾಗ್ರತೆಯ ಪಾಠ ಹೇಳುವವರು ಇದನ್ನು ಕೇಳಬೇಕು. ಮನಸ್ಸು ಅನ್ನಮಯ ಎಂಬುದನ್ನು ಇದಕ್ಕಿಂತ ನೇರವಾಗಿ ತೋರಿಸಲಾಗದು.

ಈಗ ಭೃಗು. ತಂದೆ ವರುಣನ ಬಳಿ ಬಂದು ಬ್ರಹ್ಮವನ್ನು ತಿಳಿಸು ಎನ್ನುತ್ತಾನೆ. ವರುಣ ಉತ್ತರ ಹೇಳುವುದಿಲ್ಲ, ಲಕ್ಷಣ ಹೇಳುತ್ತಾನೆ: ಯಾವುದರಿಂದ ಇವೆಲ್ಲ ಹುಟ್ಟುತ್ತವೆಯೋ, ಯಾವುದರಿಂದ ಬದುಕುತ್ತವೆಯೋ, ಕೊನೆಗೆ ಯಾವುದನ್ನು ಸೇರುತ್ತವೆಯೋ ಅದನ್ನು ಅರಿಯಲು ಯತ್ನಿಸು. ನನ್ನ ಭಾಷೆಯಲ್ಲಿ ಹೇಳುವುದಾದರೆ ಸಮೀಕರಣ ಕೊಟ್ಟ, ಎಕ್ಸಿನ ಬೆಲೆ ಕೊಡಲಿಲ್ಲ. ಮಗ ತಪಸ್ಸು ಮಾಡಿ ಅನ್ನ ಎಂದು ಅರಿಯುತ್ತಾನೆ. ಲಕ್ಷಣಕ್ಕೆ ಹಚ್ಚಿ ನೋಡಿದರೆ ತಾಳೆಯಾಗುತ್ತದೆ: ಅನ್ನದಿಂದಲೇ ಹುಟ್ಟುತ್ತವೆ, ಅನ್ನದಿಂದಲೇ ಬದುಕುತ್ತವೆ, ಅನ್ನವನ್ನೇ ಸೇರುತ್ತವೆ. ತಾಳೆಯಾದರೂ ಸಮಾಧಾನವಾಗದೆ ಮತ್ತೆ ತಂದೆಯ ಬಳಿ ಬರುತ್ತಾನೆ. ವರುಣ ಸರಿ ಎನ್ನುವುದಿಲ್ಲ, ತಪ್ಪು ಎನ್ನುವುದಿಲ್ಲ, ‘ತಪಸ್ಸಿನಿಂದ ಅರಿ’ ಎಂದು ಮತ್ತೆ ಕಳಿಸುತ್ತಾನೆ. ಪ್ರಾಣ, ಮನಸ್ಸು, ವಿಜ್ಞಾನ ಎಂದು ಪ್ರತಿಸಲವೂ ಅದೇ ಪ್ರಶ್ನೆ, ಅದೇ ಮಾತು. ಆನಂದ ಎಂದು ಅರಿತ ಮೇಲೆ ಭೃಗು ಮರಳಿ ಬಂದನೆಂದು ಪಠ್ಯ ಹೇಳುವುದಿಲ್ಲ. ‘ಬರಲಿಲ್ಲ ಎಂಬುದೇ ಅವನ ಪದವಿ ಪ್ರದಾನ’ ಎಂದರು ಉಪನ್ಯಾಸಕಿ.

ಇದನ್ನು ಕೇಳಿದ ಮರುವಾರ ಒಂಬತ್ತನೆಯ ತರಗತಿಯ ಒಬ್ಬ ಹುಡುಗ, ಯಾವುದನ್ನೂ ತಾನಾಗಿ ಕೇಳದವನು, ಗಂಟೆ ಹೊಡೆದ ಮೇಲೆ ಮೇಜಿನ ಬಳಿ ಬಂದು, ‘ಸೊನ್ನೆಯಿಂದ ಭಾಗಿಸಿದರೆ ಏನು ಬರುತ್ತದೆ ಮೇಡಂ?’ ಎಂದ. ಇದಕ್ಕೆ ನನ್ನ ಬಳಿ ಎರಡು ಸಾಲಿನ ಸಿದ್ಧ ಉತ್ತರವಿದೆ, 22 ವರ್ಷಗಳಿಂದ ಅದನ್ನೇ ಹೇಳುತ್ತಿದ್ದೇನೆ: ವ್ಯಾಖ್ಯಾನಿಸಿಲ್ಲ, ಮುಂದೆ ನಡಿ. ಆ ದಿನ ನಾಲಿಗೆ ಕಚ್ಚಿಕೊಂಡು, ‘6ನ್ನು 1ರಿಂದ ಭಾಗಿಸು. ಆಮೇಲೆ 0.1ರಿಂದ, 0.01ರಿಂದ ಭಾಗಿಸುತ್ತಾ ಹೋಗು. ಏನು ಕಂಡಿತೆಂದು ಬಂದು ಹೇಳು’ ಎಂದೆ. ಮಾರನೆಯ ದಿನ ಬಂದ. ಕೈಯಲ್ಲಿ ನೋಟ್‌ಬುಕ್ಕಿನ ಹಿಂಬದಿಯ ಹಾಳೆ. ‘60, 600, 6000 ಮೇಡಂ. ಬೆಳೆಯುತ್ತಲೇ ಹೋಗುತ್ತದೆ. ಅನಂತ ಅಲ್ಲವೇ?’ ಸರಿ ಎನ್ನಲು ಬಾಯಿ ತೆರೆದಿದ್ದೆ, ಆಮೇಲೆ ತಪ್ಪು ಎನ್ನಲು ತೆರೆದೆ. ಎರಡನ್ನೂ ನುಂಗಿ, ‘ಋಣ ಸಂಖ್ಯೆಗಳ ಕಡೆಯಿಂದ ಬಂದು ನೋಡು’ ಎಂದೆ. ಈ ಬಾರಿ ಮೂರು ದಿನ ಪತ್ತೆಯಿಲ್ಲ. ಮರೆತಿರಬೇಕು ಎಂದುಕೊಂಡೆ. ನಾಲ್ಕನೆಯ ದಿನ ಪ್ರಾರ್ಥನೆಗೂ ಮುಂಚೆ ಬಂದು ನಿಂತಿದ್ದ. ‘ಆ ಕಡೆಯಿಂದ ಹೋದರೆ ಕೆಳಕ್ಕೆ ಇಳಿಯುತ್ತದೆ ಮೇಡಂ. ಒಂದೇ ಸೊನ್ನೆಯ ಹತ್ತಿರ ಹೋಗುತ್ತಿದ್ದೇವೆ, ಒಂದು ಕಡೆಯಿಂದ ಆಕಾಶ, ಇನ್ನೊಂದು ಕಡೆಯಿಂದ ಪಾತಾಳ. ಎರಡೂ ಒಂದೇ ಉತ್ತರ ಆಗುವುದು ಹೇಗೆ?’ ನಾನು, ‘6ರ ಬದಲು ಸೊನ್ನೆಯನ್ನೇ ಸೊನ್ನೆಯಿಂದ ಭಾಗಿಸಿದರೆ?’ ಎಂದು ಕೇಳಿ ಕಳಿಸಿದೆ. ಇದನ್ನು ಬರೆಯುವ ಹೊತ್ತಿಗೆ ಅವನು ಇನ್ನೂ ಬಂದಿಲ್ಲ. ಕಾರಿಡಾರಿನಲ್ಲಿ ಎದುರಾದರೆ ನಗುತ್ತಾನೆ, ಅಷ್ಟೇ.

ಎಲ್ಲ ಪ್ರಶ್ನೆಗಳಿಗೂ ಹೀಗೆ ಮಾಡಲಾಗದು. ಪಠ್ಯ ಮುಗಿಯಬೇಕು, ಪರೀಕ್ಷೆ ನಿಲ್ಲುವುದಿಲ್ಲ. ತರಗತಿಯಲ್ಲಿ 43 ಮಕ್ಕಳಿದ್ದಾರೆ, ವರುಣನಿಗೆ ಇದ್ದದ್ದು ಒಬ್ಬ ಭೃಗು. ಈ ವ್ಯತ್ಯಾಸವನ್ನು ಭಾನುವಾರದ ಮಾತುಕತೆಯಲ್ಲಿ ಎತ್ತಿದಾಗ ಹಿರಿಯರು ತಪ್ಪಿಸಿಕೊಳ್ಳಲಿಲ್ಲ. ‘ವರ್ಷಕ್ಕೆ ಒಂದು ಮಗುವಿನ ಒಂದು ಪ್ರಶ್ನೆಗಾದರೂ ಉತ್ತರ ಹೇಳದೆ ಇರಲು ಸಾಧ್ಯವೇ ನೋಡಿ’ ಎಂದರು. ಅವರ ಭಾನುವಾರಗಳು ಅಷ್ಟು ಚೆನ್ನಾಗಿದ್ದವು. ಉಪ್ಪುನೀರಿನ ದೃಷ್ಟಾಂತದ ಬಗ್ಗೆಯೂ ಹೀಗೇ ಆಯಿತು. ಉದ್ದಾಲಕ ಮಗನಿಗೆ ರಾತ್ರಿ ನೀರಿಗೆ ಉಪ್ಪು ಹಾಕಿಸಿ, ಬೆಳಗ್ಗೆ ಅದನ್ನು ಹುಡುಕು ಎಂದು, ಮೇಲಿನಿಂದ, ನಡುವಿನಿಂದ, ತಳದಿಂದ ರುಚಿ ನೋಡಿಸುತ್ತಾನಲ್ಲ, ಅದನ್ನು ತರಗತಿಯಲ್ಲಿ ಮಾಡಿ ತೋರಿಸಿದೆ. ಕಾಣದಿದ್ದರೂ ಎಲ್ಲೆಡೆ ಇದೆ ಎಂದು ನಾನು ಗಂಭೀರವಾಗಿ ಹೇಳುತ್ತಿರುವಾಗ ಮೂರನೆಯ ಬೆಂಚಿನ ಹುಡುಗಿ, ‘100 ಮಿಲಿಲೀಟರ್ ನೀರಿನಲ್ಲಿ ಸುಮಾರು 36 ಗ್ರಾಂ ಮಾತ್ರ ಕರಗುತ್ತದೆ ಮೇಡಂ, ಆಮೇಲೆ ಹಾಕಿದ್ದು ತಳದಲ್ಲಿ ಕಾಣಿಸುತ್ತದೆ’ ಎಂದಳು. ಭಾನುವಾರ ಇದನ್ನು ಹೇಳಿದಾಗ ಉಪನ್ಯಾಸಕಿ ಬಹಳ ಹೊತ್ತು ನಕ್ಕು, ‘ದೃಷ್ಟಾಂತಕ್ಕೂ ಕರಗುವ ಮಿತಿ ಇರುತ್ತದೆ. ಆ ಹುಡುಗಿಗೆ ನನ್ನ ನಮಸ್ಕಾರ ಹೇಳಿ’ ಎಂದರು. ಹೇಳಿದೆ. ಆಕೆಗೆ ಏಕೆಂದು ಅರ್ಥವಾಗಲಿಲ್ಲ.

ಆಧುನಿಕರ ಭಾಗ ಏರುಪೇರು. ಸಾಮಗ್ರಿ ಬೇಕಾದಷ್ಟಿದೆ: 1901ರಲ್ಲಿ ಐವರು ಮಕ್ಕಳೊಂದಿಗೆ ಶಾಂತಿನಿಕೇತನದಲ್ಲಿ ಶಾಲೆ ತೆರೆದ ಟಾಗೋರರು, ‘ಯಾವುದನ್ನೂ ಕಲಿಸಲಾಗದು’ ಎಂಬುದನ್ನೇ ನಿಜವಾದ ಬೋಧನೆಯ ಮೊದಲ ತತ್ತ್ವವೆಂದು ಬರೆದ ಶ್ರೀ ಅರವಿಂದರು, ಆ ತತ್ತ್ವದ ಬೆನ್ನಿಗೆ 1943ರಲ್ಲಿ ಪುದುಚೇರಿಯ ಆಶ್ರಮದಲ್ಲಿ ಶ್ರೀಮಾತೆ ಆರಂಭಿಸಿದ ಶಾಲೆ. ಆದರೆ ಈ ಉಪನ್ಯಾಸಕರು ಪ್ರತಿಯೊಬ್ಬರಿಗೂ ಒಂದು ಹಾರ ಹಾಕಿ ಮುಂದಕ್ಕೆ ಹೋಗುತ್ತಾರೆ. ಅರವಿಂದರ ಆ ಮಾತಿನ ನಂತರದ ಸಾಲುಗಳನ್ನು, ಶಿಕ್ಷಕ ಅಪ್ಪಣೆ ಕೊಡುವವನಲ್ಲ, ನೆರವಾಗುವವನು, ದಾರಿ ತೋರುವವನು ಎಂಬುದನ್ನು, ತರಗತಿಗೆ ಇಳಿಸಿ ನೋಡಬೇಕಿತ್ತು. ಬದಲಿಗೆ ಜೀವನಚರಿತ್ರೆ ಬಂತು. ರುಡಾಲ್ಫ್ ಸ್ಟೈನರ್ 1919ರಲ್ಲಿ ಸ್ಟುಟ್‌ಗಾರ್ಟ್‌ನ ಸಿಗರೇಟು ಕಾರ್ಖಾನೆಯ ಕೆಲಸಗಾರರ ಮಕ್ಕಳಿಗಾಗಿ ಶಾಲೆ ಆರಂಭಿಸಿದ್ದು ಚೆನ್ನಾದ ಕಥೆ. ಆದರೆ ಏಳೇಳು ವರ್ಷಗಳ ಹಂತಗಳು, ಹಾಲುಹಲ್ಲು ಬಿದ್ದ ಮೇಲೆಯೇ ಓದು ಬರಹ ಎಂಬ ಅವರ ಮತವನ್ನು ಲೆಕ್ಕದ ಪ್ರಮೇಯದಂತೆ ಹೇಳಿ ಮುಗಿಸಿದ್ದು ಸರಿಯಲ್ಲ. ನನ್ನ ಮಗಳು ಒಂದು ಹಲ್ಲೂ ಬೀಳುವ ಮೊದಲೇ ಔಷಧದ ಡಬ್ಬಿಗಳ ಮೇಲಿನ ಅಕ್ಷರ ಕೂಡಿಸಿ ಓದುತ್ತಿದ್ದಳು. ಅವಳನ್ನು ಯಾವ ಹಂತಕ್ಕೆ ಸೇರಿಸಲಿ ಎಂದು ಕೇಳಿದ್ದಕ್ಕೆ ಉತ್ತರ ಬರಲಿಲ್ಲ.

ಈ ಭಾಗದಲ್ಲಿ ಉಳಿದದ್ದು 19ನೆಯ ಉಪನ್ಯಾಸ, ಮಾಂಟೆಸ್ಸೋರಿಯ ಮೌನದ ಆಟ. ಒಬ್ಬ ತಾಯಿ ತಂದಿದ್ದ ನಾಲ್ಕು ತಿಂಗಳ ಕೂಸನ್ನು ಎತ್ತಿಕೊಂಡು ಮಕ್ಕಳ ನಡುವೆ ಬಂದ ಮಾಂಟೆಸ್ಸೋರಿ, ಇದು ಎಷ್ಟು ಸದ್ದಿಲ್ಲದೆ ಇದೆ ನೋಡಿ, ನಿಮಗೆ ಹೀಗಿರಲು ಬರುತ್ತದೆಯೇ ಎಂದು ಕೇಳಿದಾಗ ಮಕ್ಕಳು ಉಸಿರು ಬಿಗಿಹಿಡಿದು ನಿಶ್ಚಲರಾದರಂತೆ. ಅಲ್ಲಿಂದ ಬೆಳೆದದ್ದು ಆ ಆಟ: ಪಕ್ಕದ ಕೋಣೆಯಿಂದ ಒಂದೊಂದೇ ಹೆಸರನ್ನು ಪಿಸುದನಿಯಲ್ಲಿ ಕರೆಯುವುದು, ಕರೆದ ಮಗು ಸದ್ದಾಗದಂತೆ ಎದ್ದು ಬರುವುದು. ಚಿಕ್ಕ ಮಕ್ಕಳ ಆಟವನ್ನು ಹದಿನಾಲ್ಕರ ಮಕ್ಕಳು ಗೇಲಿ ಮಾಡುತ್ತಾರೆಂದು ಅಳುಕುತ್ತಲೇ ಕೊನೆಯ ಪೀರಿಯಡ್ಡಿನಲ್ಲಿ ಮಾಡಿಸಿದೆ. ಮೊದಲ ಅರ್ಧ ನಿಮಿಷ ಕಿಸಿಕಿಸಿ ನಗು. ಆಮೇಲೆ ಫ್ಯಾನಿನ ಒಂದು ರೆಕ್ಕೆ ಕಟಕಟ ಎನ್ನುವುದು ಕೇಳಿಸಿತು, ಆ ಕೋಣೆಯಲ್ಲಿ ಆರು ವರ್ಷ ಪಾಠ ಮಾಡಿದ ನನಗೆ ಮೊದಲ ಬಾರಿ. ಬಾಗಿಲಾಚೆ ನಿಂತು ಹೆಸರು ಕರೆದೆ. ದಿನಕ್ಕೆ ನಾಲ್ಕು ಬಾರಿ ನನ್ನಿಂದ ಬೈಸಿಕೊಳ್ಳುವವನು ಚಪ್ಪಲಿ ಕಳಚಿ ಕೈಯಲ್ಲಿ ಹಿಡಿದುಕೊಂಡು ಬಂದ. 43 ಹೆಸರು ಮುಗಿಯಲು 11 ನಿಮಿಷ ಬೇಕಾಯಿತು, ಆ ದಿನದ ಪ್ರಮೇಯ ಮರುದಿನಕ್ಕೆ ಉಳಿಯಿತು. ಮಕ್ಕಳಿಗೆ ಇದರಿಂದ ಏನಾಯಿತೆಂದು ನಾನು ಹೇಳಲಾರೆ. ಅಷ್ಟು ಮೆಲ್ಲನೆ ಅವರ ಹೆಸರುಗಳನ್ನು ನಾನು ಹಿಂದೆಂದೂ ಕರೆದಿರಲಿಲ್ಲ ಎಂಬುದಂತೂ ಗೊತ್ತಾಯಿತು.

ಇನ್ನು ‘ಅನ್ವಯ’. ಇಲ್ಲಿ ಕೋರ್ಸು ತಾನು ಹೇಳಿದ್ದನ್ನೆಲ್ಲ ತಾನೇ ಮರೆಯುತ್ತದೆ. ವರ್ಕ್‌ಬುಕ್ಕಿನ 58ನೆಯ ಪುಟದಿಂದ ‘ಕೋಶ ಪ್ರಗತಿ ಪತ್ರ’ ಆರಂಭ. ಪ್ರತಿ ಮಗುವಿಗೂ ವಾರವಾರ ಐದೂ ಕೋಶಗಳಿಗೆ ಒಂದರಿಂದ ಐದರವರೆಗೆ ಅಂಕ ಕೊಡಬೇಕು. ನನ್ನ ತರಗತಿಗೆ ವಾರಕ್ಕೆ 215 ಮನೆಗಳು, 12 ವಾರಕ್ಕೆ 2,580. ಅವನ್ನು ಆ್ಯಪಿಗೆ ತುಂಬಿದರೆ ಪ್ರತಿ ಮಗುವಿಗೂ ಒಂದು ಸರಾಸರಿ ಮತ್ತು ಐದು ಮೂಲೆಯ ಜೇಡರಬಲೆಯಂಥ ನಕ್ಷೆ ಬರುತ್ತದೆ. ‘ಬಲೆ ದೊಡ್ಡದಾದಷ್ಟೂ ವಿಕಾಸ ಹೆಚ್ಚು’ ಎಂದು ತರುಣ ವಿವರಿಸಿದ. ಗಣಿತದವಳಾಗಿ ಒಂದು ಮಾತು: ಆ ಬಲೆಯ ವಿಸ್ತೀರ್ಣ, ಯಾವ ಮೂಲೆಯ ಪಕ್ಕ ಯಾವುದನ್ನು ಇಟ್ಟಿರಿ ಎಂಬುದರ ಮೇಲೂ ಹೋಗುತ್ತದೆ. ಅದೇ ಅಂಕಗಳು, ಪ್ರಾಣಮಯ ಮತ್ತು ವಿಜ್ಞಾನಮಯದ ಜಾಗ ಅದಲುಬದಲು ಮಾಡಿದರೆ ಮಗು ಹೆಚ್ಚು ಅಥವಾ ಕಡಿಮೆ ವಿಕಾಸಗೊಂಡುಬಿಡುತ್ತದೆ. ಇರಲಿ, ಅದು ರೇಖಾಗಣಿತದ ದೋಷ. ಆನಂದಮಯದಲ್ಲಿ ಒಂದು ಮಗುವಿಗೆ ಎರಡೂವರೆ ಅಂಕ ಹಾಕುವ ಕೈ ಯಾರದು ಎಂಬುದು ಬೇರೆ ಪ್ರಶ್ನೆ. ಮೊದಲ ವಾರ ತುಂಬಿದೆ. ಯಾರ ಬಗ್ಗೆ ನನಗೆ ಏನೂ ಗೊತ್ತಿರಲಿಲ್ಲವೋ ಅವರಿಗೆಲ್ಲ ಮೂರು ಹಾಕಿದ್ದೆ. ಎಣಿಸಿದರೆ 43ರಲ್ಲಿ 27 ಮಕ್ಕಳಿಗೆ ಮೂರು ಬಿದ್ದಿತ್ತು. ಅಷ್ಟು ಮಟ್ಟಿಗೆ ಆ ಪತ್ರ ಉಪಯೋಗಕ್ಕೆ ಬಂತು, ಆಮೇಲೆ ಮುಚ್ಚಿಟ್ಟೆ.

ಕಿರುಪರೀಕ್ಷೆಯ ಕಥೆ ಆಗಲೇ ಹೇಳಿದ್ದೇನೆ. ಅದರ ಬಾಲ ಉಳಿದಿದೆ. ಭೃಗುವಿನ ನಾಲ್ಕು ಆಯ್ಕೆಗಳೂ ಅವನು ಒಂದೊಂದು ಹಂತದಲ್ಲಿ ನಿಜವಾಗಿ ಅರಿತವೇ, ಯಾವುದನ್ನೂ ತಪ್ಪು ಎನ್ನಲಾಗದು, ಈ ಪ್ರಶ್ನೆಯನ್ನೇ ತೆಗೆದುಹಾಕಿ ಎಂದು ಸಹಾಯವಾಣಿಗೆ ಒಂದು ಪುಟದ ಪತ್ರ ಬರೆದೆ. ಒಂಬತ್ತು ದಿನಗಳ ಮೇಲೆ ಉತ್ತರ ಬಂತು: ‘ನಿಮ್ಮ ಮನವಿಯನ್ನು ಪರಿಗಣಿಸಿ ಒಂದು ಅಂಕ ಸೇರಿಸಲಾಗಿದೆ.’ ಪ್ರಶ್ನೆ ಹಾಗೆಯೇ ಇದೆ, ಕುಂಯ್ ಸದ್ದೂ ಇದೆ. ಅಂಕಕ್ಕಾಗಿ ಬರೆದಳು ಎಂದುಕೊಂಡರಲ್ಲ ಎಂದು ಸಂಕಟವಾಯಿತು. ಆದರೆ ಕಿರುಪರೀಕ್ಷೆಯ ಮಾರನೆಯ ದಿನ ನನ್ನ ಬಳಿ ಬರುವ ಮಕ್ಕಳ ಬಗ್ಗೆ ನಾನೂ ಹಾಗೆಯೇ ಅಂದುಕೊಳ್ಳುತ್ತೇನೆ.

1929ರಲ್ಲಿ ತನಗಾಗಿಯೇ ಕಟ್ಟಿದ್ದ ಸಂಘವನ್ನು ವಿಸರ್ಜಿಸಿ, ಸತ್ಯಕ್ಕೆ ದಾರಿಗಳಿಲ್ಲ ಎಂದ ಜಿಡ್ಡು ಕೃಷ್ಣಮೂರ್ತಿಯವರ ಉಪನ್ಯಾಸದ ಕೆಳಗೇ ‘ನಿಮ್ಮ ಕಲಿಕೆಯ ದಾರಿಯಲ್ಲಿ ಶೇಕಡಾ 64 ಪೂರ್ಣ’ ಎಂಬ ಹಸಿರು ಪಟ್ಟಿ ಕಾಣಿಸುತ್ತದೆ. ಇದಕ್ಕೆ ನಾನು ಏನೂ ಸೇರಿಸಬೇಕಾಗಿಲ್ಲ. 31ನೆಯ ಉಪನ್ಯಾಸಕ್ಕೆ ಬಂದ ಅತಿಥಿಯೊಬ್ಬರು ಕ್ವಾಂಟಂ, ಕಂಪನ, ತರಂಗ ಎಂದೆಲ್ಲ ಹೇಳಿ ಉಪನಿಷತ್ತಿಗೆ ವಿಜ್ಞಾನದ ಸರ್ಟಿಫಿಕೇಟ್ ಕೊಡಿಸಲು ಹೊರಟರು. ಅದನ್ನು ಬಿಟ್ಟುಬಿಡಬಹುದು.

ಹಿರಿಯರ ಭಾಗದಲ್ಲೂ ಒಂದು ಕೊರತೆ ಇದೆ. ಸತ್ಯಕಾಮನ ಕಥೆ ಹೇಳಿದರು. ಗೋತ್ರ ಯಾವುದೆಂದು ಗುರು ಕೇಳಿದಾಗ, ತಾಯಿ ಜಬಾಲೆಗೆ ಅದು ಗೊತ್ತಿಲ್ಲವೆಂದು ಅವಳು ಹೇಳಿದ್ದನ್ನೇ ಹೇಳುವ ಹುಡುಗ. 400 ಬಡಕಲು ಹಸುಗಳನ್ನು ಕಾಡಿಗೆ ಹೊಡೆದುಕೊಂಡು ಹೋಗಿ, ಸಾವಿರವಾಗುವ ತನಕ ಮರಳದೆ, ಎತ್ತು, ಬೆಂಕಿ, ಹಂಸ, ನೀರುಹಕ್ಕಿಗಳಿಂದ ಕಲಿತವನು. ಚೆಲುವಾದ ಕಥೆ, ಚೆಲುವಾಗಿಯೇ ಹೇಳಿದರು. ಆದರೆ ಹುಡುಗನ ಸತ್ಯ ಕೇಳಿ ಗುರು ಗೌತಮ, ‘ಬ್ರಾಹ್ಮಣನಲ್ಲದವನು ಹೀಗೆ ಹೇಳಲಾರ’ ಎನ್ನುವ ಸಾಲನ್ನು ದಾಟಿಹೋದರು. ಆ ಸಾಲನ್ನು ಓದಬೇಕಿತ್ತು. ಸತ್ಯ ಹೇಳಿದವನನ್ನು ಒಳಗೆ ಬಿಟ್ಟದ್ದು ದೊಡ್ಡ ಮಾತು, ಬಾಗಿಲಲ್ಲಿ ಆ ಪ್ರಶ್ನೆ ಇದ್ದದ್ದೂ ಅಷ್ಟೇ ದೊಡ್ಡ ಮಾತು. ಭಾನುವಾರ ಕೇಳಿದಾಗ ಒಂದು ಕ್ಷಣ ಸುಮ್ಮನಿದ್ದು, ‘ನೀವು ಹೇಳುವುದು ಸರಿ, ನಾನು ಆ ಸಾಲಿಗೆ ಹೆದರಿದೆ’ ಎಂದರು. ‘ಉಳಿದದ್ದನ್ನಲ್ಲ’ ಎಂಬ ಸಾಲು ನೆನಪಾಯಿತು.

ಕನ್ನಡದ ಕೋರ್ಸು ಎಂದು ಹೇಳಿಕೊಂಡು 36ರಲ್ಲಿ ಒಂದೂ ಉಪನ್ಯಾಸ 12ನೆಯ ಶತಮಾನದ ಶರಣರ ಮೇಲಿಲ್ಲ ಎಂಬುದು ಇದೇ ಕೊರತೆಯ ಇನ್ನೊಂದು ಮುಖ. ದೋಣಿ ನಡೆಸುವ ಅಂಬಿಗರ ಚೌಡಯ್ಯ, ಬಟ್ಟೆ ಒಗೆಯುವ ಮಡಿವಾಳ ಮಾಚಿದೇವ, ಹಗ್ಗ ಹೊಸೆಯುವ ನುಲಿಯ ಚಂದಯ್ಯ ಇವರೆಲ್ಲ ಕುಳಿತು ಮಾತನಾಡಿದ ಜಾಗಕ್ಕಿಂತ ದೊಡ್ಡ ತರಗತಿ ಯಾವುದಿದೆ? ಗಂಡ ಅಂದಿನ ಅಗತ್ಯಕ್ಕಿಂತ ಹೆಚ್ಚು ಅಕ್ಕಿ ಆಯ್ದು ತಂದಾಗ, ಅಲ್ಲೇ ಸುರಿದು ಬನ್ನಿ ಎಂದು ವಾಪಸು ಕಳಿಸಿದ ಆಯ್ದಕ್ಕಿ ಲಕ್ಕಮ್ಮನೂ ವರುಣನ ಹಾಗೆಯೇ ಮತ್ತೆ ಕಳಿಸಿದವಳು. ಸಲಹಾ ಪೆಟ್ಟಿಗೆಯಲ್ಲಿ ಇದನ್ನು ಬರೆದು ಹಾಕಿದ್ದೇನೆ. ಈ ಸಲ ಅಂಕ ಸೇರಿಸದಿದ್ದರೆ ಸಾಕು.

ತಾಂತ್ರಿಕ ವಿಷಯ ಸ್ವಲ್ಪ. ಧ್ವನಿ ಸ್ವಚ್ಛವಾಗಿದೆ, ವೇಗ ಹೆಚ್ಚು ಕಡಿಮೆ ಮಾಡಬಹುದು, ಆದರೆ ಹಿರಿಯರ ಉಪನ್ಯಾಸವನ್ನು ಒಂದೂವರೆ ಪಟ್ಟು ವೇಗದಲ್ಲಿ ಕೇಳಬೇಡಿ, ಅವರ ವಿರಾಮಗಳೆಲ್ಲ ಹೋಗಿಬಿಡುತ್ತವೆ. ಅಡಿಬರಹ ಯಂತ್ರ ಬರೆದದ್ದು. ಅನ್ನಮಯ ‘ಅನ್ಯಮಯ’ವಾಗಿದೆ, ಶ್ವೇತಕೇತು ಒಮ್ಮೆ ‘ಶ್ವೇತ ಕೇಳು’ ಆಗಿದ್ದಾನೆ, ಶಿಷ್ಯ ಎಂಬ ಅರ್ಥದ ಅಂತೇವಾಸಿ ‘ಅಂತೂ ವಾಸಿ’ಯಾಗಿದ್ದಾನೆ. ಕೊನೆಯದು ಕೆಲವು ಮಕ್ಕಳಿಗೆ ಹೊಂದುತ್ತದೆ. ಆಫ್ ಮಾಡಿ ಕೇಳುವುದು ವಾಸಿ. ದಿನಕ್ಕೆ ಮೂರು ಬಾರಿ ‘ಇಂದು ನಿಮ್ಮ ಆತ್ಮಕ್ಕೆ ಹತ್ತು ನಿಮಿಷ ಕೊಟ್ಟಿರಾ?’ ಎಂದು ಕೇಳುವ ಸೂಚನೆಗಳನ್ನು ಸೆಟ್ಟಿಂಗ್ಸಿನ ಮೂರನೆಯ ಪುಟದಲ್ಲಿ ನಿಲ್ಲಿಸಬಹುದು, ನನಗೆ ಆ ಪುಟ ಸಿಕ್ಕಿದ್ದು ಏಳನೆಯ ವಾರದಲ್ಲಿ.

ಸ್ಟಾಫ್ ರೂಮಿನ ಮೂವರಿಗೆ ನಾನು ಹೇಳಿದ್ದು ಬೇರೆ ಬೇರೆ. ತರಗತಿಯಲ್ಲಿ ಕೂಡಲೇ ಬಳಸುವ ಚಟುವಟಿಕೆ ಬೇಕೆಂದವರಿಗೆ ಬೇಡ ಎಂದೆ. ಬಡ್ತಿಗೆ ಪ್ರಮಾಣಪತ್ರ ಬೇಕೆಂದವರಿಗೆ ಕಿರುಪರೀಕ್ಷೆಗಳು ಸುಲಭ, ಭೃಗುವಿಗೆ ಮಾತ್ರ ಆನಂದವನ್ನು ಒತ್ತಿ ಎಂದೆ. ಕನ್ನಡ ಮೇಷ್ಟರಿಗೆ ಸೇರಿ ಎಂದೆ: 1ನೆಯದು, 7ರಿಂದ 11ರವರೆಗೆ, 19, ಮತ್ತೆ ಯಾವ ಭಾನುವಾರವನ್ನೂ ತಪ್ಪಿಸಬೇಡಿ. ನನ್ನ ಪ್ರವೇಶದ ಅವಧಿ ಇನ್ನೂ ಒಂಬತ್ತು ತಿಂಗಳಿದೆ, ಆ ಏಳು ಉಪನ್ಯಾಸಗಳನ್ನು ಮತ್ತೆ ಕೇಳಲು ಶುರುಮಾಡಿದ್ದೇನೆ. ವರ್ಕ್‌ಬುಕ್ಕಿನ 58ನೆಯ ಪುಟದಿಂದ ಹಿಂಬದಿಯೆಲ್ಲ ಖಾಲಿ ಇರುವುದರಿಂದ ಮಕ್ಕಳಿಗೆ ಲೆಕ್ಕದ ಹಾಳೆಗಳಾಗಿ ಕೊಟ್ಟಿದ್ದೇನೆ, ಕಾಗದ ಒಳ್ಳೆಯದಿದೆ, ಶಾಯಿ ಹರಡುವುದಿಲ್ಲ.